ಗೇಮ್ ಡಿಲೀಟ್ ಮಾಡಿದರೂ ಜಾಗ ಯಾಕೆ ಸಿಗಲಿಲ್ಲ?

ನಾನು ಆಡುತ್ತಿದ್ದ ಒಂದು ಗೇಮ್‌ಗೆ ಬಂದಿದ್ದ ಅಪ್‌ಡೇಟ್ ಬರೀ 3 ಜಿಬಿ. ಡಿಸ್ಕ್‌ನಲ್ಲಿ 40 ಜಿಬಿ ಖಾಲಿ ಇತ್ತು. ಆದರೂ ‘ಜಾಗ ಸಾಲದು’ ಎಂದು ಕಂಪ್ಯೂಟರ್ ಹಟ ಹಿಡಿಯಿತು. ಮೂರು ಸಲ ಒತ್ತಿದೆ, ಮೂರು ಸಲವೂ ಅದೇ ರಾಗ. ಸಿಟ್ಟು ಬಂತು. ಎರಡು ವರ್ಷದಿಂದ ಮುಟ್ಟದ ಒಂದು ರೇಸಿಂಗ್ ಗೇಮ್ ಇತ್ತು, 18 ಜಿಬಿಯದು. ಅದರ ಫೋಲ್ಡರನ್ನೇ ಹುಡುಕಿ ಡಿಲೀಟ್ ಒತ್ತಿದೆ. ಆಮೇಲೆ ನೋಡಿದರೆ ಖಾಲಿ ಜಾಗ ಅದೇ 40 ಜಿಬಿ!

ಆವತ್ತು ನಾನು ಮಾಡಿದ್ದು ಒಂದಲ್ಲ, ಮೂರು ತಪ್ಪು. ಫೋಲ್ಡರ್ ಹೋಗಿ ರೀಸೈಕಲ್ ಬಿನ್‌ನಲ್ಲಿ ಕೂತಿತ್ತು. ಬಿನ್ ಇರುವುದೂ ಅದೇ ಡಿಸ್ಕ್‌ನಲ್ಲಿ ಅಲ್ವಾ? ಅದನ್ನು ಖಾಲಿ ಮಾಡುವ ತನಕ ಜಾಗ ಬಿಡುಗಡೆ ಆಗುವುದಿಲ್ಲ. ಎರಡನೆಯದು, ಗೇಮ್ ಹಾಕಿದ್ದು ಲಾಂಚರ್ (ಗೇಮ್‌ಗಳನ್ನು ಇಳಿಸಿ, ತೆರೆದು, ನೋಡಿಕೊಳ್ಳುವ ಪ್ರೋಗ್ರಾಂ) ಮೂಲಕ, ತೆಗೆದದ್ದು ಕೈಯಿಂದ. ಹಾಗಾಗಿ ಲಾಂಚರ್‌ನ ಲೆಕ್ಕದಲ್ಲಿ ಆ ಗೇಮ್ ಇನ್ನೂ ಇತ್ತು. ಮೂರನೆಯದು ಎದೆ ಧಸಕ್ ಅನಿಸಿದ್ದು: ಆ ಗೇಮ್ ತನ್ನ ಸೇವ್ ಫೈಲುಗಳನ್ನೂ (ನಾನು ಎಲ್ಲಿಯವರೆಗೆ ಆಡಿದ್ದೆ ಎಂಬ ಲೆಕ್ಕ) ಅದೇ ಫೋಲ್ಡರಿನಲ್ಲಿ ಇಟ್ಟುಕೊಂಡಿತ್ತು. ಸದ್ಯ, ಬಿನ್ ಖಾಲಿ ಮಾಡಿರಲಿಲ್ಲ. ವಾಪಸ್ ತಂದೆ.

ಅಂದಿನಿಂದ ಗೇಮ್ ತೆಗೆಯುವ ಮೊದಲು ಒಂದೇ ಪ್ರಶ್ನೆ ಕೇಳಿಕೊಳ್ಳುತ್ತೇನೆ. ಇದರಲ್ಲಿ ಮತ್ತೆ ಡೌನ್‌ಲೋಡ್ ಮಾಡಿಕೊಳ್ಳಬಹುದಾದದ್ದು ಯಾವುದು, ಒಮ್ಮೆ ಹೋದರೆ ಹೋಯಿತು ಎನ್ನುವಂಥದ್ದು ಯಾವುದು?

ಒಂದು ಗೇಮ್, ನಾಲ್ಕು ಕಡೆ ಸಾಮಾನು

ಗೇಮ್ ಅಂದರೆ ಒಂದೇ ಗಂಟು ಅಂತ ನಮಗೆ ಅನಿಸುತ್ತದೆ. ಐಕಾನ್ ಒಂದೇ ಕಾಣುತ್ತದಲ್ಲ, ಅದಕ್ಕೆ. ಒಳಗೆ ನೋಡಿದರೆ ಅದರ ಸಾಮಾನು ನಾಲ್ಕು ಕಡೆ ಹರಡಿರುತ್ತದೆ.

ಮೊದಲನೆಯದು ಗೇಮ್‌ನ ಸ್ವಂತ ಫೈಲುಗಳು: ಚಿತ್ರ, ಧ್ವನಿ, ವಿಡಿಯೋ, ಪ್ರೋಗ್ರಾಂ. ಜಾಗ ತಿನ್ನುವ ಆನೆ ಇದೇ. ಆದರೆ ಇದರಲ್ಲಿ ನಿಮ್ಮದು ಅನ್ನುವಂಥದ್ದು ಒಂದು ಅಕ್ಷರವೂ ಇಲ್ಲ. ಎಲ್ಲರ ಕಂಪ್ಯೂಟರಿನಲ್ಲೂ ಇರುವುದು ಅದೇ ಪ್ರತಿ. ಯಾವಾಗ ಬೇಕಾದರೂ ಮತ್ತೆ ಇಳಿಸಿಕೊಳ್ಳಬಹುದು.

ಎರಡನೆಯದು ಸೇವ್ ಫೈಲು. ನೀವು ಎಷ್ಟನೇ ಲೆವೆಲ್, ಯಾವ ಆಯುಧ, ಯಾವ ಬಾಗಿಲು ತೆರೆದಿರಿ ಎಂಬ ಲೆಕ್ಕ. ಎಷ್ಟೋ ಗೇಮ್‌ಗಳಲ್ಲಿ ಇದು ಕೆಲವೇ ಎಂಬಿ. ಇಡೀ ಗೇಮ್‌ನಲ್ಲಿ ನಿಮ್ಮದು ಅನ್ನುವುದು ಇದೊಂದೇ.

ಮೂರನೆಯದು ಕ್ಯಾಶ್. ದುಡ್ಡಿನ ಕ್ಯಾಶ್ ಅಲ್ಲ, ಬೇಗ ಕೈಗೆ ಸಿಗಲಿ ಎಂದು ಎತ್ತಿಟ್ಟುಕೊಂಡ ತಾತ್ಕಾಲಿಕ ಫೈಲುಗಳು. ಗ್ರಾಫಿಕ್ಸ್ ಕಾರ್ಡಿಗೆ ಒಗ್ಗುವ ಹಾಗೆ ಸಿದ್ಧ ಮಾಡಿಕೊಂಡ ಶೇಡರ್‌ಗಳು (ಬೆಳಕು, ಬಣ್ಣ ಮೂಡಿಸುವ ಸಣ್ಣ ಪ್ರೋಗ್ರಾಂಗಳು) ಇಲ್ಲೇ ಬರುತ್ತವೆ. ಅಳಿಸಿದರೆ ನಷ್ಟವಿಲ್ಲ, ಮುಂದಿನ ಸಲ ಗೇಮ್ ಶುರುವಾಗುವುದು ಸ್ವಲ್ಪ ತಡ ಆಗುತ್ತದೆ ಅಷ್ಟೆ.

ನಾಲ್ಕನೆಯದು ಜೊತೆಗೆ ಬಂದ ನೆಂಟರು. ಮೋಸದ ಆಟ ತಡೆಯುವ ಆ್ಯಂಟಿ-ಚೀಟ್, ಗೇಮ್ ನಡೆಯಲು ಬೇಕಾದ ವಿಷುಯಲ್ ಸಿ ಪ್ಲಸ್ ಪ್ಲಸ್ ಹೆಸರಿನ ಪೊಟ್ಟಣಗಳು ಇತ್ಯಾದಿ. ಇವರ ವಿಷಯ ಆಮೇಲೆ.

ಅನ್‌ಇನ್‌ಸ್ಟಾಲ್ ಬಟನ್ ಗ್ಯಾರಂಟಿಯಾಗಿ ತೆಗೆಯುವುದು ಮೊದಲನೆಯದನ್ನು. ಉಳಿದ ಮೂರು ಉಳಿಯುತ್ತವೋ ಹೋಗುತ್ತವೋ ಎನ್ನುವುದು ಗೇಮ್ ಮೇಲೆ, ಯಂತ್ರದ ಮೇಲೆ ನಿಂತಿದೆ. ಗೊಂದಲ ಹುಟ್ಟುವುದು ಇಲ್ಲೇ.

ಇಷ್ಟೊಂದು ದೊಡ್ಡದು ಯಾಕೆ?

1985ರ ಸೂಪರ್ ಮಾರಿಯೊ ಬ್ರದರ್ಸ್ ಇಡೀ ಗೇಮ್ 40 ಕೆಬಿ. ಇವತ್ತು ಫೋನಿನಲ್ಲಿ ತೆಗೆದ ಒಂದು ಫೋಟೋ ಅದಕ್ಕಿಂತ ಎಷ್ಟೋ ಪಟ್ಟು ದೊಡ್ಡದು. ಈಗಿನ ದೊಡ್ಡ ಗೇಮ್‌ಗಳು 100 ಜಿಬಿ ದಾಟುವುದು ಮಾಮೂಲು. ಆಟ ಅಷ್ಟು ಪಟ್ಟು ಚೆನ್ನಾಯಿತಾ ಅಂತ ಕೇಳಬೇಡಿ.

ಜಾಗದ ಬಹುಪಾಲು ಹೋಗುವುದು ಟೆಕ್ಸ್ಚರ್‌ಗಳಿಗೆ. ಗೇಮ್‌ನಲ್ಲಿ ಒಂದು ಗೋಡೆ ಇದೆ ಅಂದುಕೊಳ್ಳಿ. ಆ ಗೋಡೆಗೆ ಅಂಟಿಸಿದ ಚಿತ್ರವೇ ಟೆಕ್ಸ್ಚರ್. ಉದ್ದ 4096, ಅಗಲ 4096 ಚುಕ್ಕೆಗಳ ಚಿತ್ರಕ್ಕೆ ಚುಕ್ಕೆಗೆ 4 ಬೈಟ್‌ನಂತೆ ಲೆಕ್ಕ ಹಾಕಿ: 64 ಎಂಬಿ. ಗ್ರಾಫಿಕ್ಸ್ ಕಾರ್ಡ್‌ಗಳಿಗಾಗಿಯೇ ಇರುವ ವಿಧಾನದಲ್ಲಿ ಕುಗ್ಗಿಸಿದರೂ 16 ಎಂಬಿ ಬೇಕು. ಗೋಡೆಗೆ ಬಣ್ಣದ ಚಿತ್ರ ಒಂದೇ ಸಾಲದು. ಉಬ್ಬುತಗ್ಗು ತೋರಿಸಲು ಒಂದು, ಹೊಳಪಿಗೆ ಇನ್ನೊಂದು. ಇಂಥ ಗೋಡೆ, ನೆಲ, ಮುಖ, ಬಟ್ಟೆ ಸಾವಿರಾರು.

ಆಮೇಲೆ ಧ್ವನಿ. 2014ರಲ್ಲಿ ಬಂದ ಟೈಟನ್‌ಫಾಲ್ ಗೇಮ್‌ನ ಕಂಪ್ಯೂಟರ್ ಆವೃತ್ತಿ 48 ಜಿಬಿ ಇತ್ತು. ಅದರಲ್ಲಿ 35 ಜಿಬಿ ಬರೀ ಕುಗ್ಗಿಸದ ಧ್ವನಿ! ಸಣ್ಣ ಪ್ರೊಸೆಸರ್ ಇರುವ ಕಂಪ್ಯೂಟರುಗಳು ಆಟದ ನಡುವೆ ಧ್ವನಿಯನ್ನು ಬಿಚ್ಚುತ್ತಾ ಕೂತರೆ ಆಟ ತಡವರಿಸುತ್ತದೆ, ಅದಕ್ಕೇ ಬಿಚ್ಚಿಯೇ ಇಟ್ಟಿದ್ದೇವೆ ಎಂದು ತಯಾರಕರು ಹೇಳಿದರು. ಪ್ರೊಸೆಸರ್‌ಗೆ ಕೆಲಸ ಕಡಿಮೆ ಮಾಡಲು ಡಿಸ್ಕ್ ಮೇಲೆ ಭಾರ ಹೊರಿಸಿದ್ದು.

ಇನ್ನೊಂದು ಕಾರಣ ನನಗೆ ತುಂಬಾ ಇಷ್ಟ, ಯಾಕೆಂದರೆ ಕೇಳಿದರೆ ಸುಳ್ಳು ಅನಿಸುತ್ತದೆ. ಹಳೆಯ ಹಾರ್ಡ್ ಡಿಸ್ಕ್ ಒಳಗೆ ತಿರುಗುವ ತಟ್ಟೆ ಇರುತ್ತದೆ. ಓದುವ ಮುಳ್ಳು ಅದರ ಮೇಲೆ ಅತ್ತಿತ್ತ ಓಡಾಡಬೇಕು. ಓಡಾಟ ಜಾಸ್ತಿಯಾದಷ್ಟೂ ಗೇಮ್ ತಡ. ಅದಕ್ಕೆ ಒಂದು ಉಪಾಯ: ಬೇಕಾದ ಫೈಲನ್ನು ಬೇಕಾದ ಕಡೆಯೆಲ್ಲ ಪ್ರತಿ ಮಾಡಿ ಇಡುವುದು. ಗೇಮ್‌ನ ಹತ್ತು ಬೀದಿಯಲ್ಲಿ ಒಂದೇ ಥರದ ಅಂಚೆ ಡಬ್ಬಿ ಇದ್ದರೆ, ಪ್ರತಿ ಬೀದಿಯ ಫೈಲುಗಳ ಕಟ್ಟಿನಲ್ಲೂ ಆ ಡಬ್ಬಿಯ ಒಂದು ಪ್ರತಿ. ಮುಳ್ಳು ದೂರ ಹೋಗಬೇಕಿಲ್ಲ. ಜಾಗ ಹಾಳಾದರೂ ವೇಗ ಸಿಗುತ್ತದೆ. ಚಿಪ್‌ಗಳಲ್ಲಿ ಬರೆದಿಡುವ ಹೊಸ ಥರದ ಡಿಸ್ಕ್ ಎಸ್‌ಎಸ್‌ಡಿಯಲ್ಲಿ ತಟ್ಟೆಯೂ ಇಲ್ಲ, ಮುಳ್ಳೂ ಇಲ್ಲ. ಹಾಗಾಗಿ ಈ ಪ್ರತಿಗಳಿಂದ ಪ್ರಯೋಜನವೂ ಇಲ್ಲ. 2025ರ ಡಿಸೆಂಬರ್‌ನಲ್ಲಿ ಹೆಲ್‌ಡೈವರ್ಸ್ 2 ತಯಾರಕರು ಇಂಥ ನಕಲುಗಳನ್ನೆಲ್ಲ ಕಿತ್ತು ಹಾಕಿದ ಆವೃತ್ತಿ ಕೊಟ್ಟರು. ಕಂಪ್ಯೂಟರಿನಲ್ಲಿ ಸುಮಾರು 154 ಜಿಬಿ ಇದ್ದ ಗೇಮ್ ಸುಮಾರು 23 ಜಿಬಿಗೆ ಇಳಿಯಿತು. ಹಾರ್ಡ್ ಡಿಸ್ಕ್ ಇದ್ದವರಿಗೂ ಆದ ತಡ ಕೆಲವೇ ಸೆಕೆಂಡು. ನಿಮಗೆ ಇಷ್ಟವಾದ ಗೇಮ್ ದೊಡ್ಡದಾಗಿದ್ದರೆ ತೆಗೆಯುವ ಮೊದಲು ಇಂಥ ಸಣ್ಣ ಆವೃತ್ತಿ ಬಂದಿದೆಯಾ ನೋಡುವುದು ಒಳ್ಳೆಯದು.

ಯಾವುದನ್ನು ತೆಗೆಯೋದು?

ಸಣ್ಣ ಸಣ್ಣ ಗೇಮ್ ಹತ್ತು ತೆಗೆಯುವ ಬದಲು ದೊಡ್ಡದೊಂದನ್ನು ತೆಗೆಯಿರಿ. ಮಾತು ಸರಳ, ಆದರೆ ನಾವು ಮಾಡುವುದು ಉಲ್ಟಾ. ದೊಡ್ಡದರ ಮೇಲೆ ‘ಮುಂದೆ ಆಡ್ತೀನಿ’ ಅನ್ನುವ ಮೋಹ ಇರುತ್ತದೆ.

ಸ್ಟೀಮ್ ಇಂಥದ್ದೊಂದು ಲಾಂಚರ್. ಅದರ ಲೈಬ್ರರಿಯಲ್ಲಿ ನಿಮ್ಮ ಗೇಮ್‌ಗಳನ್ನು ಗಾತ್ರದ ಪ್ರಕಾರವೂ ಜೋಡಿಸಬಹುದು, ಕೊನೆಯ ಸಲ ಯಾವಾಗ ಆಡಿದಿರಿ ಎನ್ನುವುದರ ಪ್ರಕಾರವೂ ಜೋಡಿಸಬಹುದು. ಎರಡನ್ನೂ ನೋಡಿ. ದೊಡ್ಡದೂ ಹೌದು, ಮುಟ್ಟಿ ವರ್ಷವೂ ಆಯಿತು ಎನ್ನುವುದು ಮೊದಲು ಹೋಗಬೇಕಾದ್ದು. ಕಥೆ ಮುಗಿಸಿದ ಗೇಮ್ ಅದರ ಹಿಂದೆ. ವಿಂಡೋಸ್ ಸೆಟ್ಟಿಂಗ್ಸ್‌ನ ಆ್ಯಪ್‌ಗಳ ಪಟ್ಟಿಯನ್ನು ಮಾತ್ರ ಪೂರ್ತಿ ನಂಬಬೇಡಿ. ಲಾಂಚರ್ ಮೂಲಕ ಹಾಕಿದ ಗೇಮ್‌ಗಳ ಗಾತ್ರ ಅಲ್ಲಿ ಎಷ್ಟೋ ಸಲ ಸರಿಯಾಗಿ ಕಾಣುವುದೇ ಇಲ್ಲ. ಇಡೀ ಡಿಸ್ಕ್‌ನ ಚಿತ್ರ ಬೇಕೆಂದರೆ ವಿನ್‌ಡರ್‌ಸ್ಟಾಟ್, ವಿಜ್‌ಟ್ರೀ ಥರದ ಉಚಿತ ಪ್ರೋಗ್ರಾಂಗಳಿವೆ. ದೊಡ್ಡ ಫೈಲು ದೊಡ್ಡ ಚೌಕವಾಗಿ ಕಾಣುತ್ತದೆ. ಕಳ್ಳ ಎಲ್ಲಿದ್ದಾನೆ ಎಂದು ಒಂದೇ ನೋಟಕ್ಕೆ ಗೊತ್ತಾಗುತ್ತದೆ.

ಮತ್ತೆ ಬೇಕಾದರೆ ಇಳಿಸಿಕೊಳ್ಳಲು ಎಷ್ಟು ಹೊತ್ತು ಬೇಕು ಎನ್ನುವುದನ್ನೂ ಲೆಕ್ಕ ಹಾಕಿ. 100 ಜಿಬಿ ಗೇಮ್, ನೆಟ್ ವೇಗ 50 ಎಂಬಿಪಿಎಸ್. ಇಲ್ಲಿ ಎಂಬಿ ಅಂದರೆ ಮೆಗಾಬಿಟ್, ಎಂಟು ಬಿಟ್ ಸೇರಿದರೆ ಒಂದು ಬೈಟ್. ಲೆಕ್ಕ ಬರುವುದು 16,000 ಸೆಕೆಂಡು, ಅಂದರೆ ಹತ್ತಿರ ಹತ್ತಿರ ನಾಲ್ಕೂವರೆ ಗಂಟೆ. ರಾತ್ರಿ ಹಾಕಿ ಮಲಗಿದರೆ ಬೆಳಿಗ್ಗೆ ಸಿದ್ಧ. ಇದು ನಿಮಗೆ ಒಪ್ಪಿಗೆ ಇದ್ದರೆ ಧೈರ್ಯವಾಗಿ ತೆಗೆಯಿರಿ. ನೆಟ್ ನಿಧಾನ ಇದ್ದರೆ ತೆಗೆಯುವ ಬದಲು ಇನ್ನೊಂದು ಡಿಸ್ಕ್‌ಗೆ ಸಾಗಿಸಿ. ಸ್ಟೀಮ್‌ನಲ್ಲಿ ಗೇಮ್‌ನ ಪ್ರಾಪರ್ಟೀಸ್ ಒಳಗೆ ಇನ್‌ಸ್ಟಾಲ್ಡ್ ಫೈಲ್ಸ್ ಎಂಬ ಕಡೆ ಇದಕ್ಕೆ ಬಟನ್ನೇ ಇದೆ.

ಇಡೀ ಗೇಮ್ ತೆಗೆಯದೆಯೂ ಜಾಗ ಮಾಡಬಹುದು. ಫಾಲ್‌ಔಟ್ 4 ಗೇಮ್‌ಗೆ 2017ರಲ್ಲಿ ಬಂದ ಹೈ ರೆಸಲ್ಯೂಶನ್ ಟೆಕ್ಸ್ಚರ್ ಪ್ಯಾಕ್ ಒಂದೇ ಸುಮಾರು 58 ಜಿಬಿ. ಉಚಿತವಾಗಿ ಸಿಕ್ಕಿತೆಂದು ಹಾಕಿಕೊಂಡು, ಅದನ್ನು ತೋರಿಸುವ ಶಕ್ತಿ ಇಲ್ಲದ ಗ್ರಾಫಿಕ್ಸ್ ಕಾರ್ಡಿನಲ್ಲಿ ಸುಮ್ನೆ ಹೊತ್ತುಕೊಂಡವರು ಎಷ್ಟೋ ಮಂದಿ. ಇಂಥದ್ದು ಪ್ರಾಪರ್ಟೀಸ್‌ನ ಡಿಎಲ್‌ಸಿ (ಗೇಮ್‌ಗೆ ಬೇರೆಯಾಗಿ ಸೇರಿಸುವ ಭಾಗಗಳು) ಪಟ್ಟಿಯಲ್ಲಿ ಇರುತ್ತದೆ. ಟಿಕ್ ತೆಗೆದರೆ ಹೋಗುತ್ತದೆ, ಗೇಮ್ ಉಳಿಯುತ್ತದೆ.

ಕಂಪ್ಯೂಟರಿನಲ್ಲಿ ತೆಗೆಯುವ ಸರಿಯಾದ ದಾರಿ

ಎಲ್ಲಿಂದ ಹಾಕಿದಿರೋ ಅಲ್ಲಿಂದಲೇ ತೆಗೆಯಿರಿ. ಸ್ಟೀಮ್‌ನಿಂದ ಹಾಕಿದ್ದರೆ ಲೈಬ್ರರಿಯಲ್ಲಿ ಹೆಸರಿನ ಮೇಲೆ ರೈಟ್ ಕ್ಲಿಕ್, ಮ್ಯಾನೇಜ್, ಅನ್‌ಇನ್‌ಸ್ಟಾಲ್. ಎಪಿಕ್ ಲಾಂಚರ್‌ನಲ್ಲಿ ಗೇಮ್ ಪಕ್ಕದ ಮೂರು ಚುಕ್ಕೆ ಒತ್ತಿದರೆ ಸಿಗುತ್ತದೆ. ಡೆಸ್ಕ್‌ಟಾಪ್ ಮೇಲಿನ ಐಕಾನ್ ಅಳಿಸಿದರೆ ಏನೂ ಆಗುವುದಿಲ್ಲ, ಅದು ಬಾಗಿಲಿಗೆ ಹಾಕಿದ ನೇಮ್‌ಪ್ಲೇಟ್ ಇದ್ದ ಹಾಗೆ.

‘ಅನ್‌ಇನ್‌ಸ್ಟಾಲ್ ಮಾಡಿದರೆ ದುಡ್ಡು ಕೊಟ್ಟು ತಗೊಂಡ ಗೇಮ್ ಹೋಗಿಬಿಡುತ್ತಾ?’ ಎಂದು ತುಂಬಾ ಜನ ಹೆದರುತ್ತಾರೆ. ಇಲ್ಲ, ಹೋಗುವುದಿಲ್ಲ. ಖರೀದಿ ಇರುವುದು ನಿಮ್ಮ ಖಾತೆಯಲ್ಲಿ, ಡಿಸ್ಕ್‌ನಲ್ಲಿ ಅಲ್ಲ. ಹೆದರಬೇಕಾದ ಬಟನ್ ಬೇರೆ ಇದೆ. ಸ್ಟೀಮ್‌ನ ಸಪೋರ್ಟ್ ಪುಟದಲ್ಲಿ ಗೇಮನ್ನು ಖಾತೆಯಿಂದಲೇ ಶಾಶ್ವತವಾಗಿ ತೆಗೆಯುವ ಆಯ್ಕೆ ಕೊಟ್ಟಿದ್ದಾರೆ. ಜಾಗಕ್ಕೂ ಅದಕ್ಕೂ ಸಂಬಂಧ ಇಲ್ಲ. ಆ ಕಡೆ ಹೋಗಬೇಡಿ.

ಒತ್ತುವ ಮೊದಲು ಸೇವ್ ಫೈಲು ಎಲ್ಲಿದೆ ನೋಡಿ. ಸ್ಟೀಮ್ ಕ್ಲೌಡ್ ಇರುವ ಗೇಮ್ ಆದರೆ ಪ್ರತಿ ಒಂದು ಅವರ ಸರ್ವರ್‌ನಲ್ಲಿ ಇರುತ್ತದೆ. ಎಲ್ಲ ಗೇಮ್‌ಗೂ ಇದು ಇಲ್ಲ. ಇಲ್ಲದಿದ್ದರೆ ಕೈಯಿಂದ ಹುಡುಕಬೇಕು. ಡಾಕ್ಯುಮೆಂಟ್ಸ್ ಒಳಗೆ ಮೈ ಗೇಮ್ಸ್ ಅನ್ನುವ ಫೋಲ್ಡರ್ ಇರಬಹುದು, ಇಲ್ಲವೇ ಸೇವ್ಡ್ ಗೇಮ್ಸ್. ಅಲ್ಲೂ ಇಲ್ಲ ಎಂದರೆ ಆ್ಯಪ್‌ಡೇಟಾ ಎಂಬ ಅಡಗಿದ ಫೋಲ್ಡರ್. ಇದರಲ್ಲಿ ಮೂರು ಕೋಣೆ: ಲೋಕಲ್, ಲೋಕಲ್‌ಲೋ, ರೋಮಿಂಗ್. ಅನ್‌ರಿಯಲ್ ಎಂಜಿನ್, ಯೂನಿಟಿ ಎನ್ನುವುದು ಗೇಮ್ ತಯಾರಿಸುವ ಸಾಧನಗಳು. ಅನ್‌ರಿಯಲ್‌ನಲ್ಲಿ ಮಾಡಿದ ಗೇಮ್‌ಗಳು ಸಾಮಾನ್ಯವಾಗಿ ಲೋಕಲ್‌ನಲ್ಲಿ, ಯೂನಿಟಿಯಲ್ಲಿ ಮಾಡಿದವು ಲೋಕಲ್‌ಲೋದಲ್ಲಿ ಗೂಡು ಕಟ್ಟುತ್ತವೆ. ಸಿಕ್ಕ ಫೋಲ್ಡರನ್ನು ಪೆನ್‌ಡ್ರೈವ್‌ಗೆ ಕಾಪಿ ಮಾಡಿ. ಎರಡು ನಿಮಿಷದ ಕೆಲಸ.

ತೆಗೆದ ಮೇಲೆ ಸ್ಟೀಮ್ ಫೋಲ್ಡರಿನ ಒಳಗೆ ಸ್ಟೀಮ್‌ಆ್ಯಪ್ಸ್, ಅದರೊಳಗೆ ಕಾಮನ್ ಅನ್ನುವುದನ್ನು ಒಮ್ಮೆ ತೆರೆದು ನೋಡಿ. ತೆಗೆದ ಗೇಮ್‌ನ ಹೆಸರು ಅಲ್ಲಿ ಇನ್ನೂ ಕಂಡರೆ ಆಶ್ಚರ್ಯ ಬೇಡ. ಲಾಂಚರ್ ತಾನು ಹಾಕಿದ ಫೈಲನ್ನು ಮಾತ್ರ ತೆಗೆಯುತ್ತದೆ. ನೀವು ಹಾಕಿದ ಮಾಡ್‌ಗಳನ್ನು, ಅಂದರೆ ಗೇಮ್ ಬದಲಿಸಲು ಹೊರಗಿನಿಂದ ತಂದು ಸೇರಿಸಿದ ಫೈಲುಗಳನ್ನು, ಮುಟ್ಟುವುದಿಲ್ಲ. ಮಾಡ್ ಹುಚ್ಚು ಇದ್ದವರಿಗೆ ಇಲ್ಲೇ ಹತ್ತಾರು ಜಿಬಿ ಸಿಗಬಹುದು. ಲಾಂಚರ್ ತನ್ನ ಕೆಲಸ ಮುಗಿಸಿದ ಮೇಲೆ, ಸೇವ್ ಏನೂ ಇಲ್ಲ ಎಂದು ನೋಡಿಕೊಂಡು, ಈ ಉಳಿಕೆಯನ್ನು ಕೈಯಿಂದ ಅಳಿಸಬಹುದು.

ಇನ್ನು ಆ ನೆಂಟರು. ಕೆಲವು ಆ್ಯಂಟಿ-ಚೀಟ್‌ಗಳು ಗೇಮ್ ಹೋದರೂ ಜಾಗ ಖಾಲಿ ಮಾಡುವುದಿಲ್ಲ. ಉದಾಹರಣೆಗೆ ವ್ಯಾಲರಂಟ್ ಗೇಮ್ ಜೊತೆ ಬರುವ ವ್ಯಾನ್‌ಗಾರ್ಡ್ ಆ್ಯಪ್ ಪಟ್ಟಿಯಲ್ಲಿ ಬೇರೆ ಹೆಸರಲ್ಲೇ ಇರುತ್ತದೆ, ಬೇರೆಯಾಗಿಯೇ ತೆಗೆಯಬೇಕು. ವಿಷುಯಲ್ ಸಿ ಪ್ಲಸ್ ಪ್ಲಸ್ ಪೊಟ್ಟಣಗಳನ್ನು ಮಾತ್ರ ಹಾಗೇ ಬಿಡಿ. ಪಟ್ಟಿಯಲ್ಲಿ ಹತ್ತು ಸಾಲು ಕಂಡು ಕೈ ತುರಿಸುತ್ತದೆ, ನಿಜ. ಆದರೆ ಅವು ತೀರಾ ಸಣ್ಣವು, ಬೇರೆ ಪ್ರೋಗ್ರಾಂಗಳೂ ಅವನ್ನೇ ನಂಬಿಕೊಂಡಿರುತ್ತವೆ. ತೆಗೆದು ತಲೆನೋವು ತಂದುಕೊಳ್ಳುವುದು ಬೇಡ.

100 ಜಿಬಿ ಇಳಿಸಲು ಗಂಟೆಗಟ್ಟಲೆ ಬೇಕು, ಅಳಿಸಲು ಮಾತ್ರ ಕೆಲವೇ ಕ್ಷಣ ಯಾಕೆ? ಅಳಿಸುವಾಗ ಕಂಪ್ಯೂಟರ್ ಫೈಲನ್ನು ಉಜ್ಜುತ್ತಾ ಕೂರುವುದಿಲ್ಲ. ಪುಸ್ತಕದ ಪರಿವಿಡಿಯಿಂದ ಒಂದು ಸಾಲು ಹೊಡೆದು ಹಾಕಿದ ಹಾಗೆ, ‘ಈ ಜಾಗ ಇನ್ನು ಖಾಲಿ’ ಎಂದು ಬರೆದುಕೊಳ್ಳುತ್ತದೆ ಅಷ್ಟೆ. ಎಸ್‌ಎಸ್‌ಡಿ ಆದರೆ ಟ್ರಿಮ್ ಎಂಬ ಸೂಚನೆಯ ಮೂಲಕ ಡಿಸ್ಕ್‌ಗೂ ಅದನ್ನು ತಿಳಿಸುತ್ತದೆ. ಎಸ್‌ಎಸ್‌ಡಿಗೆ ಒಂದಿಷ್ಟು ಖಾಲಿ ಜಾಗ ಬೇಕೇ ಬೇಕು. ಅದು ಬರೆಯುವುದು ಸಣ್ಣ ಪುಟಗಳಲ್ಲಿ, ಅಳಿಸುವುದು ಮಾತ್ರ ದೊಡ್ಡ ಕಟ್ಟುಗಳಲ್ಲಿ. ಕಂಠಪೂರ್ತಿ ತುಂಬಿಸಿದರೆ ಹಳೆಯದನ್ನು ಅತ್ತಿತ್ತ ಸರಿಸುವುದರಲ್ಲೇ ಸುಸ್ತಾಗಿ ನಿಧಾನವಾಗುತ್ತದೆ.

ಕನ್ಸೋಲ್‌ನಲ್ಲಿ

ಗೇಮ್ ಆಡಲೆಂದೇ ಮಾಡಿದ ಯಂತ್ರ ಕನ್ಸೋಲ್. ಪ್ಲೇಸ್ಟೇಷನ್ 5 ಮೊದಲು ಬಂದಾಗ ಅದರ ಒಳಗಿನ ಡಿಸ್ಕ್ 825 ಜಿಬಿ. ಗೇಮ್‌ಗಳಿಗೆ ಸಿಗುವುದು ಸುಮಾರು 667. ಎಕ್ಸ್‌ಬಾಕ್ಸ್ ಸೀರೀಸ್ ಎಸ್‌ನಲ್ಲಿ 512ಕ್ಕೆ ಸಿಗುವುದು ಸುಮಾರು 364. ಸೀರೀಸ್ ಎಸ್‌ಗೆ ಗೇಮ್‌ನ ಡಿಸ್ಕ್ ಹಾಕುವ ಜಾಗವೇ ಇಲ್ಲ. ಪ್ಲೇಸ್ಟೇಷನ್ 5ರಲ್ಲಿ ಡಿಸ್ಕ್ ಹಾಕಿ ಆಡುವ ಗೇಮ್ ಆದರೂ ಫೈಲುಗಳು ಒಳಗೆ ಇಳಿಯಲೇಬೇಕು. ಹಾಗಾಗಿ ತುಂಬಲು ಹೆಚ್ಚು ದಿನ ಬೇಡ.

ಒಳ್ಳೆಯ ಸುದ್ದಿ ಏನೆಂದರೆ, ಸೇವ್ ವಿಷಯದಲ್ಲಿ ಕನ್ಸೋಲ್‌ಗಳು ಕಂಪ್ಯೂಟರಿಗಿಂತ ಶಿಸ್ತು. ಪ್ಲೇಸ್ಟೇಷನ್‌ನಲ್ಲೂ ನಿಂಟೆಂಡೊ ಸ್ವಿಚ್‌ನಲ್ಲೂ ಗೇಮ್ ಬೇರೆ, ಸೇವ್ ಬೇರೆ. ಗೇಮ್ ಅಳಿಸಿದರೆ ಸೇವ್ ಹೋಗುವುದಿಲ್ಲ. ಸ್ವಿಚ್‌ನಲ್ಲಿ ಆರ್ಕೈವ್ ಎನ್ನುವ ಆಯ್ಕೆಯೂ ಇದೆ: ಗೇಮ್ ಹೋಗುತ್ತದೆ, ಐಕಾನ್ ನೆನಪಿಗೆ ಉಳಿಯುತ್ತದೆ. ಮೊದಲ ಸ್ವಿಚ್‌ನ ಒಳಗಿನ ಜಾಗ ಬರೀ 32 ಜಿಬಿ, ಅದಕ್ಕೇ ಈ ಏರ್ಪಾಡು ಇಷ್ಟು ಚೆನ್ನಾಗಿದೆಯೋ ಏನೋ.

ಪ್ಲೇಸ್ಟೇಷನ್ 5 ಗೇಮನ್ನು ಯುಎಸ್‌ಬಿ ಡಿಸ್ಕ್‌ಗೆ ಸಾಗಿಸಿ ಇಡಬಹುದು, ಅಲ್ಲಿಂದ ಆಡಲು ಆಗುವುದಿಲ್ಲ. ಬೇಕಾದಾಗ ವಾಪಸ್ ಒಳಗೆ ತರಬೇಕು. ಆದರೂ ಮತ್ತೆ ಡೌನ್‌ಲೋಡ್ ಮಾಡುವುದಕ್ಕಿಂತ ಇದು ವಾಸಿ.

ಫೋನಿನಲ್ಲಿ ಹುಷಾರು

ಸೇವ್ ಕಳೆದುಕೊಳ್ಳುವ ಅಪಾಯ ಜಾಸ್ತಿ ಇರುವುದು ಫೋನಿನಲ್ಲಿ. ಒಮ್ಮೆ ಅಕ್ಕನ ಫೋನ್ ತುಂಬಿ ಫೋಟೋ ತೆಗೆಯಲೂ ಆಗುತ್ತಿರಲಿಲ್ಲ. ನಾನು ಜಾಣನ ಹಾಗೆ ಕೂತು, 4 ಜಿಬಿ ತಿಂದಿದ್ದ ಒಂದು ಗೇಮ್ ತೆಗೆದೆ. ಸಂಜೆ ಅಕ್ಕನ ಮಗಳು ಅದನ್ನು ಮತ್ತೆ ಹಾಕಿಕೊಂಡು ಓಡಿ ಬಂದಳು. ‘ಮಾಮ, ನಂಗೆ ಮತ್ತೆ ಒಂದನೇ ಲೆವೆಲ್ ಬಂದಿದೆ!’ ಅವಳು ಆಡುತ್ತಿದ್ದದ್ದು ಗೆಸ್ಟ್ ಆಗಿ, ಖಾತೆ ಯಾವುದೂ ಇಲ್ಲದೆ. ಲೆಕ್ಕವೆಲ್ಲ ಫೋನಿನಲ್ಲೇ ಇತ್ತು, ಗೇಮ್ ಜೊತೆಗೇ ಹೋಯಿತು. ಮೂರು ದಿನ ಅವಳು ನನ್ನ ಜೊತೆ ಮಾತು ಬಿಟ್ಟಿದ್ದಳು.

ಹಾಗಾಗಿ ಫೋನಿನಲ್ಲಿ ಗೇಮ್ ತೆಗೆಯುವ ಮೊದಲು ಅದರ ಸೆಟ್ಟಿಂಗ್ಸ್ ತೆರೆದು ಯಾವುದಾದರೂ ಖಾತೆಗೆ ಜೋಡಿಸಿದೆಯಾ ನೋಡಿ. ಗೆಸ್ಟ್ ಎಂದಿದ್ದರೆ ಮೊದಲು ಜೋಡಿಸಿ, ಆಮೇಲೆ ತೆಗೆಯಿರಿ.

ಆಂಡ್ರಾಯ್ಡ್‌ನಲ್ಲಿ ಒಂದು ಆ್ಯಪ್‌ನ ಸ್ಟೋರೇಜ್ ತೆರೆದರೆ ಎರಡು ಬಟನ್ ಅಕ್ಕಪಕ್ಕ ಕಾಣುತ್ತವೆ. ಕ್ಲಿಯರ್ ಕ್ಯಾಶ್ ಒತ್ತಿದರೆ ಏನೂ ತೊಂದರೆ ಇಲ್ಲ. ಪಕ್ಕದ್ದು ಡೇಟಾ ಅಳಿಸುವ ಬಟನ್, ಅದನ್ನು ಒತ್ತಿದರೆ ಗೇಮ್ ನಿಮ್ಮನ್ನು ಮೊದಲ ಸಲ ನೋಡಿದ ಹಾಗೆ ಮಾತಾಡಿಸುತ್ತದೆ.

ಐಫೋನ್‌ನಲ್ಲಿ 2017ರಿಂದ ಆಫ್‌ಲೋಡ್ ಎಂಬ ಸೌಲಭ್ಯ ಇದೆ. ಆ್ಯಪ್ ಹೋಗುತ್ತದೆ, ಅದರ ಡೇಟಾ ಉಳಿಯುತ್ತದೆ. ಗೇಮ್ ವಿಷಯದಲ್ಲಿ ಇದರಲ್ಲೊಂದು ತಮಾಷೆ ಇದೆ. ಎಷ್ಟೋ ಗೇಮ್‌ಗಳು ಸ್ಟೋರ್‌ನಿಂದ ಸಣ್ಣದಾಗಿ ಬರುತ್ತವೆ. ತೆರೆದ ಮೇಲೆ ‘ಇನ್ನೂ ಡೌನ್‌ಲೋಡ್ ಬೇಕು’ ಎಂದು ಜಿಬಿಗಟ್ಟಲೆ ಎಳೆದುಕೊಳ್ಳುತ್ತವೆ. ಆಮೇಲೆ ಬಂದದ್ದು ಹಲವು ಸಲ ಡೇಟಾ ಲೆಕ್ಕಕ್ಕೆ ಸೇರಿರುತ್ತದೆ. ಆಗ ಆಫ್‌ಲೋಡ್ ಮಾಡಿದರೆ ಸಣ್ಣದು ಹೋಗಿ ದೊಡ್ಡದು ಹಾಗೇ ಉಳಿಯುತ್ತದೆ. ಒತ್ತುವ ಮೊದಲು ಅಲ್ಲೇ ತೋರಿಸುವ ಎರಡು ಅಂಕಿ ನೋಡಿ, ಯಾವುದು ದೊಡ್ಡದು ಎಂದು ತಿಳಿಯುತ್ತದೆ. ಹಾಗೆಯೇ, ತಿಂಗಳ ಚಂದಾ ಕಟ್ಟುತ್ತಿದ್ದರೆ ಗೇಮ್ ತೆಗೆದ ಮಾತ್ರಕ್ಕೆ ಅದು ನಿಲ್ಲುವುದಿಲ್ಲ. ಸ್ಟೋರ್‌ಗೆ ಹೋಗಿ ಬೇರೆಯಾಗಿ ರದ್ದು ಮಾಡಬೇಕು.

ಆ 3 ಜಿಬಿ ಅಪ್‌ಡೇಟ್

ಮೊದಲಿನ ಒಗಟಿಗೆ ಬರೋಣ. 40 ಜಿಬಿ ಖಾಲಿ ಇದ್ದರೂ 3 ಜಿಬಿಗೆ ಜಾಗ ಸಾಲಲಿಲ್ಲ ಯಾಕೆ?

ಗೇಮ್‌ಗಳು ತಮ್ಮ ಸಾವಿರಾರು ಫೈಲುಗಳನ್ನು ಕೆಲವೇ ದೊಡ್ಡ ಮೂಟೆಗಳಲ್ಲಿ ಕಟ್ಟಿಡುತ್ತವೆ. ಒಂದೊಂದು ಮೂಟೆ ಹತ್ತಾರು ಜಿಬಿ. ಅಪ್‌ಡೇಟ್ ಅಂದರೆ ಆ ಮೂಟೆಗಳ ನಡುನಡುವೆ ಅಲ್ಲೊಂದು ಇಲ್ಲೊಂದು ಬದಲಾವಣೆ. ಲಾಂಚರ್ ಹಳೆಯ ಮೂಟೆಯನ್ನೇ ಬಿಚ್ಚಿ ತಿದ್ದುವುದಿಲ್ಲ. ನಡುವೆ ಕರೆಂಟ್ ಹೋದರೆ ಗೇಮ್ ಪೂರ್ತಿ ಕೆಡುತ್ತದಲ್ಲ! ಹಳೆಯದರಿಂದ ಬೇಕಾದ್ದು, ಹೊಸದಾಗಿ ಬಂದದ್ದು ಎರಡನ್ನೂ ಸೇರಿಸಿ ಪಕ್ಕದಲ್ಲಿ ಹೊಸ ಮೂಟೆ ಕಟ್ಟುತ್ತದೆ. ಕಟ್ಟಿ ಮುಗಿದ ಮೇಲೆ ಹಳೆಯದನ್ನು ಎಸೆಯುತ್ತದೆ. ಆ ಹೊತ್ತಿನ ಮಟ್ಟಿಗೆ ಎರಡೂ ಮೂಟೆಗೆ ಜಾಗ ಬೇಕು. ನನ್ನ ಗೇಮ್‌ನಲ್ಲಿ ಬದಲಾಗಬೇಕಿದ್ದ ಮೂಟೆಗಳು ಒಟ್ಟು 50 ಜಿಬಿ ಮೇಲಿದ್ದವು. ಇಳಿಸುವುದು 3, ಕಟ್ಟಲು ಬೇಕಾದ್ದು 50.

ಕೊನೆಗೆ ರೇಸಿಂಗ್ ಗೇಮನ್ನು ಬಿನ್‌ನಿಂದ ವಾಪಸ್ ಅದರ ಜಾಗಕ್ಕೆ ತಂದು, ಸೇವ್ ಫೋಲ್ಡರನ್ನು ಪೆನ್‌ಡ್ರೈವ್‌ಗೆ ಕಾಪಿ ಮಾಡಿ, ಲಾಂಚರ್‌ನಿಂದಲೇ ಅನ್‌ಇನ್‌ಸ್ಟಾಲ್ ಒತ್ತಿದೆ. ಖಾಲಿ ಜಾಗ 58 ಜಿಬಿ ಆಯಿತು. ಅಪ್‌ಡೇಟ್ ಮರುಮಾತಿಲ್ಲದೆ ಶುರುವಾಯಿತು. ಪೆನ್‌ಡ್ರೈವ್‌ನಲ್ಲಿ ಆ ಸೇವ್ ಫೋಲ್ಡರ್ ಈಗಲೂ ಇದೆ, 6 ಎಂಬಿ.